ಹಳದಿ ಡಬ್ಬ ಪ್ರಾಜೆಕ್ಟ್ ಅಪ್ಡೇಟ್: ನಾಬ್ ಕೆಲಸ ಮಾಡ್ತಿದೆ, ಮಾವನ ಕಣ್ಣು ಬೇರೆ ಲೆಕ್ಕ ಹೇಳ್ತಿದೆ

ಡಬ್ಬ ಅಂತೂ ಅಳತೆ ಕೊಡೋ ಮಟ್ಟಕ್ಕೆ ಬಂತು. ಇದೇನು ಅಂತ ಗೊತ್ತಿಲ್ಲದವ್ರಿಗೆ ಚುಟುಕಾಗಿ ಹೇಳ್ಬಿಡ್ತೀನಿ, ಒಂದು ಶೂ ಬಾಕ್ಸು, ಒಳಗೆಲ್ಲ ಕಪ್ಪು ಚಾರ್ಟ್ ಪೇಪರ್, ಮುಂದೆ ಎರಡು ಸೆಂಟಿಮೀಟರ್ ಅಗಲದ ಒಂದು ದುಂಡು ಕಿಂಡಿ. ಕಿಂಡಿಯ ಮೇಲಿನ ಅರ್ಧಕ್ಕೆ ಅಸಲಿ ಹಳದಿ ಎಲ್‌ಇಡಿ ಬೆಳಕು ಬೀಳುತ್ತೆ, ಕೆಳಗಿನ ಅರ್ಧಕ್ಕೆ ಕೆಂಪು ಮತ್ತು ಹಸಿರು ಬೆರೆಸಿದ ಬೆಳಕು. ಒಂದು ನಾಬ್ ತಿರುಗಿಸಿದ್ರೆ ಕೆಂಪು ಹಸಿರಿನ ಪ್ರಮಾಣ ಬದಲಾಗುತ್ತೆ (ಸೊನ್ನೆ ಅಂದ್ರೆ ಪೂರ್ತಿ ಹಸಿರು, 100 ಅಂದ್ರೆ ಪೂರ್ತಿ ಕೆಂಪು), ಇನ್ನೊಂದು ನಾಬ್ ಹಳದಿಯ ಬ್ರೈಟ್‌ನೆಸ್‌ಗೆ. ನೋಡೋರು ಎರಡನ್ನೂ ತಿರುಗಿಸ್ತಾ ತಿರುಗಿಸ್ತಾ ಮಧ್ಯದ ಗೆರೆ ಮಾಯ ಆಗೋ ಜಾಗ ಹುಡುಕಬೇಕು. ಐಡಿಯಾ ನಂದಲ್ಲ, 1881ರಲ್ಲಿ ಲಾರ್ಡ್ ರ್ಯಾಲೆ ಮಾಡಿದ ಪ್ರಯೋಗ ಇದು, ಆಮೇಲೆ ಜರ್ಮನಿಯ ನಾಗೆಲ್ ಅನ್ನೋರು ಇದನ್ನೇ ಕಣ್ಣಿನ ಡಾಕ್ಟರ್‌ಗಳು ಬಳಸೋ, ಬಣ್ಣಗುರುಡು ಪತ್ತೆ ಮಾಡೋ ಉಪಕರಣ ಮಾಡಿದ್ರು. ಅದರ ಸ್ಕೇಲು 0ಯಿಂದ 73, ನಂದು 0ಯಿಂದ 100, ಯಾಕಂದ್ರೆ ನನಗೆ ಪರ್ಸೆಂಟ್ ಲೆಕ್ಕ ಸುಲಭ.

ಎರಡೂ ಅರ್ಧ ಒಂದೇ ಥರ ಕಾಣೋದಾದ್ರೂ ಹೇಗೆ, ಬೆಳಕು ಬೇರೆ ಬೇರೆ ಅಲ್ವಾ ಅಂತ ಆಫೀಸಲ್ಲಿ ಒಬ್ರು ಕೇಳಿದ್ರು. ಬೇರೆನೇ. ಆದ್ರೆ ಕಣ್ಣಿನ ಹಿಂದಿನ ಅಕ್ಷಿಪಟದಲ್ಲಿರೋ ಕೋನ್ ಕೋಶಕ್ಕೆ ಬಂದ ಬೆಳಕಿನ ಬಣ್ಣ ಗೊತ್ತೇ ಆಗಲ್ಲ. ದೇವಸ್ಥಾನದ ಹುಂಡಿ ಥರ ಅದು, ಕೊನೆಗೆ ಎಷ್ಟು ಬಿತ್ತು ಅಂತ ಮಾತ್ರ ಲೆಕ್ಕ ಸಿಗುತ್ತೆ, ಯಾರು ಹಾಕಿದ್ದು ಅಂತ ಸಿಗಲ್ಲ. ಕೋನ್‌ಗಳಲ್ಲಿ ಮೂರು ಜಾತಿ, ಒಂದಕ್ಕೆ ಸುಮಾರು 560 ನ್ಯಾನೋಮೀಟರ್ (ಬೆಳಕಿನ ಅಲೆಯ ಉದ್ದದ ಅಳತೆ) ಬೆಳಕು ಜಾಸ್ತಿ ಹಿಡಿಸುತ್ತೆ, ಇನ್ನೊಂದಕ್ಕೆ 530, ಮೂರನೇದಕ್ಕೆ 420 ಹತ್ರ, ರೂಢಿಯಲ್ಲಿ ಇವನ್ನ ಕ್ರಮವಾಗಿ ಕೆಂಪು, ಹಸಿರು, ನೀಲಿ ಕೋನ್ ಅಂತಾರೆ. ಮೊದಲಿನ ಎರಡಕ್ಕೆ ಬರೀ 30 ನ್ಯಾನೋಮೀಟರ್ ವ್ಯತ್ಯಾಸ ನೋಡಿ, ನಮ್ಮ ಕೆಂಪು ಹಸಿರು ಕಿತ್ತಳೆ ಹಳದಿ ಅನ್ನೋ ಸಂಭ್ರಮ ಎಲ್ಲಾ ಆ 30ರ ಮೇಲೇ ನಿಂತಿದೆ. 590ರ ಹಳದಿ ಬೆಳಕು ಈ ಎರಡು ಕೋನ್‌ಗಳಲ್ಲಿ ಎಷ್ಟೆಷ್ಟು ಲೆಕ್ಕ ಹುಟ್ಟಿಸುತ್ತೋ ಅಷ್ಟಷ್ಟನ್ನೇ ಕೆಂಪು ಹಸಿರು ಸೇರಿಸಿ ಹುಟ್ಟಿಸಿಬಿಟ್ರೆ ಮಿದುಳಿಗೆ ಅದೂ ಹಳದಿ ಇದೂ ಹಳದಿ, ಬೇರೆ ಮಾಡೋಕೆ ಅದರ ಹತ್ರ ಇನ್ಯಾವ ಮಾಹಿತಿನೂ ಇಲ್ಲ.

ಈಗ ಕೆಲಸದ ವಿಷಯ. ಬೆಂಗಳೂರಿನ ಎಲೆಕ್ಟ್ರಾನಿಕ್ಸ್ ಅಂಗಡಿಗಳ ಬೀದಿ ಎಸ್.ಪಿ. ರೋಡಲ್ಲಿ ಸಿಗೋ ಪಳಪಳ ಹಸಿರು ಎಲ್‌ಇಡಿ 525 ನ್ಯಾನೋಮೀಟರ್ ಹತ್ರದ್ದು. ಅದನ್ನ ಹಾಕಿದಾಗ ಬೆರಕೆ ಹಳದಿ ಯಾವತ್ತೂ ಅಸಲಿ ಹಳದಿಯಷ್ಟು ಗಟ್ಟಿ ಕಾಣ್ತಿರಲಿಲ್ಲ, ಹಾಲು ಬೆರೆಸಿದಂಗೆ ಸ್ವಲ್ಪ ಬಿಳಿಚು. ಕಾರಣ ಏನಂದ್ರೆ 525 ಬೆಳಕು ಮೂರನೇ ಜಾತಿಯ ನೀಲಿ ಕೋನನ್ನೂ ಸ್ವಲ್ಪ ಮುಟ್ಟುತ್ತೆ, 590 ಮುಟ್ಟೋದೇ ಇಲ್ಲ ಅನ್ನಬಹುದು. ಮಜಾ ಏನಂದ್ರೆ ಅದೇ ಡಬ್ಬನ ಹಾಲಿನ ಆ ಕಡೆ ತುದಿಯಲ್ಲಿಟ್ಟು ಮೂರು ನಾಲ್ಕು ಮೀಟರ್ ದೂರದಿಂದ ನೋಡಿದ್ರೆ ಬಿಳಿಚು ಹೋಗಿ ಎರಡೂ ಅರ್ಧ ಪಕ್ಕಾ ಒಂದೇ ಆಗ್ತಿತ್ತು. ಹತ್ರ ಬನ್ನಿ, ಮತ್ತೆ ಬಿಳಿಚು. ಇದು ಡಬ್ಬದ ಆಟ ಅಲ್ಲ, ಕಣ್ಣಿಂದು: ನಾವು ನೇರ ದಿಟ್ಟಿಸಿ ನೋಡುವಾಗ ಬಳಸೋ ಅಕ್ಷಿಪಟದ ನಡುಮಧ್ಯದ ಚುಕ್ಕಿಯಲ್ಲಿ ನೀಲಿ ಕೋನ್‌ಗಳೇ ಇಲ್ಲ, ಚಿಕ್ಕ ಚಿತ್ರ ಪೂರ್ತಿ ಅದರೊಳಗೇ ಬಿದ್ದಾಗ ನಾವೆಲ್ಲ ನೀಲಿ ವಿಷಯಕ್ಕೆ ಹೆಚ್ಚುಕಮ್ಮಿ ಕುರುಡರೇ. ಈ ಹತ್ರ ದೂರದ ಆಟ ಮನೆಯವ್ರಿಗೆ ತೋರಿಸಿ ತೋರಿಸಿ ಸಾಕು ಮಾಡಿಸಿದೀನಿ.

ಪರಿಹಾರ ಸಿಕ್ಕಿದ್ದು ಹಳೇ ಸ್ಟಾಕಲ್ಲಿ. ಮುಂಚೆ ರೇಡಿಯೋ, ಸ್ಟೆಬಿಲೈಜರ್ ಮೇಲೆಲ್ಲ ಮಂಕಾಗಿ ಉರೀತಿತ್ತಲ್ಲ ಎಳೇ ಹಸಿರು ಇಂಡಿಕೇಟರ್, ಅದು ಬೇರೆ ವಸ್ತುವಿನಿಂದ ಮಾಡಿದ್ದು, ಗ್ಯಾಲಿಯಂ ಫಾಸ್ಫೈಡ್, ಬೆಳಕು 565ರಿಂದ 570. ಅಂಗಡಿಯವ್ರಿಗೆ ನಾನು ಪಳಪಳ ಬೇಡ, ಮಂಕಾಗಿರೋದೇ ಬೇಕು ಅಂದಾಗ ಒಂಥರ ನೋಡಿದ್ರು. ಒಂದರ ಬೆಳಕು ಏನೂ ಸಾಲಲ್ಲ, ಹಂಗಾಗಿ ಒಂದು ಗೊಂಚಲೇ ಸೋಲ್ಡರ್ ಮಾಡಿ ಥರ್ಮೋಕೋಲ್ ಗೂಡೊಳಗೆ ಕೂರಿಸಿದೆ (ಥರ್ಮೋಕೋಲ್‌ನಷ್ಟು ಚೆನ್ನಾಗಿ ಬೆಳಕನ್ನ ಚದುರಿಸೋ ವಸ್ತು ಈ ಬೆಲೆಗೆ ಇನ್ನೊಂದಿಲ್ಲ, ಮುಂದೆ ಬಟರ್ ಪೇಪರ್ ಅಂಟಿಸಿದ್ರೆ ಆಯ್ತು). ಬಿಳಿಚು ಮಾಯ, ಗೆರೆ ನಿಜವಾಗ್ಲೂ ಕಾಣೆಯಾಗುತ್ತೆ. ಹಸಿರು ಕೆಂಪಿನ ಅಂತರ ಕಡಿಮೆ ಆದಷ್ಟು ಟೆಸ್ಟಿನ ಸೂಕ್ಷ್ಮತೆ ಕಮ್ಮಿ ಆಗುತ್ತೆ ಅನ್ನೋದು ಗೊತ್ತು, ಪರವಾಗಿಲ್ಲ ಅಂತ ಒಪ್ಕೊಂಡಿದೀನಿ.

ಬ್ರೈಟ್‌ನೆಸ್ ಕಂಟ್ರೋಲ್ ಮಾಡೋದು ಆರ್ಡುಯಿನೋ ಊನೋ ಅನ್ನೋ ಪುಟ್ಟ ಕಂಟ್ರೋಲರ್ ಬೋರ್ಡಿನ ಪಿಡಬ್ಲ್ಯೂಎಂ, ಅಂದ್ರೆ ಬೆಳಕನ್ನ ಬೇಗ ಬೇಗ ಆನ್ ಆಫ್ ಮಾಡ್ತಾ ಆನ್ ಇರೋ ಹೊತ್ತನ್ನ ಹೆಚ್ಚು ಕಮ್ಮಿ ಮಾಡೋದು. ಕರೆಂಟನ್ನೇ ಕಮ್ಮಿ ಜಾಸ್ತಿ ಮಾಡಬಹುದಿತ್ತು, ಆದ್ರೆ ಆಗ ಎಲ್‌ಇಡಿಯ ಬಣ್ಣನೇ ಸ್ವಲ್ಪ ಸರಿಯುತ್ತೆ. ಮಾಮೂಲಿ 256 ಮೆಟ್ಟಿಲು ಮಂದ ಬೆಳಕಲ್ಲಿ ಏನೇನೂ ಸಾಲಲ್ಲ, ಒಂದು ಮೆಟ್ಟಿಲು ಹತ್ತಿದ್ರೆ ಕಣ್ಣಿಗೆ ಜಿಗಿದಂಗೆ ಕಾಣುತ್ತೆ, ಅದಕ್ಕೆ 16 ಬಿಟ್ ಟೈಮರ್ ಬಳಸಿ 65,536 ಮೆಟ್ಟಿಲು ಮಾಡ್ಕೊಂಡೆ. ಸೆಕೆಂಡಿಗೆ 244 ಸಲ ಮಿಣುಕುತ್ತೆ, ನೇರ ನೋಡಿದ್ರೆ ಗೊತ್ತಾಗಲ್ಲ, ಆದ್ರೆ ಕತ್ತಲಲ್ಲಿ ಕಣ್ಣನ್ನ ಪಟಕ್ ಅಂತ ಎಡದಿಂದ ಬಲಕ್ಕೆ ಓಡಿಸಿದ್ರೆ ಬೆಳಕು ಮಣಿಸರದ ಥರ ಬಿಡಿ ಬಿಡಿ ಕಾಣುತ್ತೆ. ಕೆಲವು ಕಾರಿನ ಹಿಂದಿನ ಲೈಟಲ್ಲೂ ರಾತ್ರಿ ಇದು ಕಾಣುತ್ತೆ, ಒಂದು ಸಲ ಗಮನಿಸಿದ್ರೆ ಆಮೇಲೆ ಕಿರಿಕಿರಿ ತಪ್ಪಲ್ಲ.

ಫೋಟೋ ಯಾಕೆ ಹಾಕಿಲ್ಲ ಅಂದ್ರೆ, ಫೋಟೋದಲ್ಲಿ ಎರಡು ಅರ್ಧ ಬೇರೆ ಬೇರೆನೇ ಬರುತ್ತೆ! ನನ್ನ ಕಣ್ಣಿಗೆ ಗೆರೆ ಇಲ್ಲ, ಫೋನಿಗೆ ಕೆಳಗಿನರ್ಧ ಕಿತ್ತಳೆ. ಫೋನ್ ಸೆನ್ಸರ್ ಮೇಲಿನ ಬಣ್ಣದ ಫಿಲ್ಟರ್‌ಗಳು ನಮ್ಮ ಕೋನ್‌ಗಳ ಥರ ಇಲ್ವಲ್ಲ, ಅದರ ಹುಂಡಿ ಲೆಕ್ಕವೇ ಬೇರೆ. ಹಳೇ ಡಿವಿಡಿಯ ಒಂದು ಚೂರು ಸಿಗಿದು ಅದರ ಮೂಲಕ ನೋಡಿದ್ರೆ ನನ್ನ ಕಣ್ಣಿಗೂ ಸತ್ಯ ಕಾಣುತ್ತೆ: ಮೇಲಿನರ್ಧದಿಂದ ಒಂದೇ ಹಳದಿ ಪಟ್ಟೆ, ಕೆಳಗಿನದರಿಂದ ಕೆಂಪೊಂದು ಹಸಿರೊಂದು, ನಡುವೆ ಹಳದಿ ಜಾಗದಲ್ಲಿ ಹೆಚ್ಚೇನೂ ಇಲ್ಲ.

ಮೊದಲು ಹಸಿರಿಗೆ ಅಡ್ಡ ಇಡೋಕೆ ಅಂತ ಹಳದಿ ಜೆಲಾಟಿನ್ ಪೇಪರ್ ತಂದಿದ್ದೆ, ಜೊತೆಗೆ ನೀಲಿನೂ ಇತ್ತು, ಅದರಿಂದ ಸಿ.ವಿ. ರಾಮನ್ ಮಾಡ್ತಿದ್ದ ಪ್ರಯೋಗದ ಥರದ್ದೊಂದು ಮಾಡಿ ನೋಡಿದೆ. ರಾಮನ್ ಕೊನೇ ವರ್ಷಗಳಲ್ಲಿ ಬೆಂಗಳೂರಿನ ತಮ್ಮ ಸಂಸ್ಥೆಯಲ್ಲಿ ಕೂತು ಹೂವಿನ ಬಣ್ಣ, ಕಣ್ಣು ಬಣ್ಣ ನೋಡೋ ರೀತಿ ಇದರ ಮೇಲೇ ಬಿದ್ದಿದ್ರು, 1968ರಲ್ಲಿ ಅದರ ಮೇಲೆ ಪುಸ್ತಕನೂ ಬಂತು. ಬಣ್ಣದ ಫಿಲ್ಟರ್ ಕಣ್ಣಿಗೆ ಹಿಡಿದು ಬೆಳಗಿದ ಪರದೆ ನೋಡ್ತಾ ನೋಡ್ತಾ ಫಿಲ್ಟರ್ ಥಟ್ಟಂತ ತೆಗೀಬೇಕು, ಆಗ ನಮ್ಮ ಅಕ್ಷಿಪಟದ್ದೇ ಚಿತ್ರ ಪರದೆ ಮೇಲೆ ಕಾಣುತ್ತೆ ಅನ್ನೋದು ಅವ್ರ ವಿಧಾನ. ನಾನು ನೀಲಿ ಹಾಳೆ ಹಿಡಿದು ಬಿಳಿ ಗೋಡೆ ನೋಡಿದಾಗ ಒಂದೆರಡು ಸೆಕೆಂಡ್ ನಡುವೆ ಮಸುಕು ಕಲೆಯೊಂದು ಕಂಡು ಕರಗಿಹೋಯ್ತು, ಅದು ಅಕ್ಷಿಪಟದ ನಡುವೆ ಇರೋ ಹಳದಿ ವರ್ಣದ್ರವ್ಯ ನೀಲಿಯನ್ನ ಹೀರ್ಕೊಳ್ಳೋದರ ಗುರುತು. ಆದ್ರೆ ಮೂರು ಕೋನ್ ಅನ್ನೋ ವಿವರಣೆಯನ್ನ ರಾಮನ್ ಒಪ್ಪಲೇ ಇಲ್ಲ, 1964ರಲ್ಲೇ ಅಮೆರಿಕದ ಎರಡು ತಂಡಗಳು ಒಂದೊಂದೇ ಕೋನ್ ಕೋಶಕ್ಕೆ ಬೆಳಕು ಹಾಯಿಸಿ ಅಳೆದು ಮೂರು ಜಾತಿ ಇದೆ ಅಂತ ತೋರಿಸಿದ್ರೂ. ವಾದದಲ್ಲಿ ಅವ್ರು ಸೋತ್ರು ಅಂತಲೇ ನನ್ನ ಅಭಿಪ್ರಾಯ. ಆದ್ರೂ ನೊಬೆಲ್ ಬಂದು ಮೂವತ್ತು ವರ್ಷ ಆದ್ಮೇಲೂ ಒಂದು ಚೂರು ಬಣ್ಣದ ಹಾಳೆ ಹಿಡ್ಕೊಂಡು ಸ್ವಂತ ಕಣ್ಣನ್ನೇ ಪ್ರಯೋಗಶಾಲೆ ಮಾಡ್ಕೊಂಡ ಆ ಹಠ ನನಗೆ ಬಹಳ ಇಷ್ಟ.

ಇನ್ನು ಈ ಸಲದ ಮುಖ್ಯ ಕೆಲಸ, ಕೆಂಪು ಹಸಿರಿನ ಬ್ರೈಟ್‌ನೆಸ್ ಸರಿದೂಗಿಸೋದು. ನಾಬ್ ತಿರುಗಿಸಿದಾಗ ಬಣ್ಣ ಮಾತ್ರ ಬದಲಾಗಬೇಕು, ಬ್ರೈಟ್‌ನೆಸ್ ಬದಲಾಗಬಾರ್ದು. ಆದ್ರೆ ಕೆಂಪೂ ಹಸಿರೂ ಒಂದೇ ಬ್ರೈಟಾ ಅಂತ ಪಕ್ಕಪಕ್ಕ ಇಟ್ಟು ಹೇಳಿ ನೋಡಣ, ಆಗಲ್ಲ, ಪ್ರತಿ ಸಲ ಬೇರೆ ಉತ್ತರ ಬರುತ್ತೆ. ಇದಕ್ಕೆ ಹಳೇ ಉಪಾಯ ಒಂದಿದೆ, ಎರಡನ್ನೂ ಒಂದೇ ಜಾಗದಲ್ಲಿ ಸೆಕೆಂಡಿಗೆ 15 ಸಲದಂತೆ ಅದಲು ಬದಲು ಮಿಣುಕಿಸೋದು. ಆ ವೇಗಕ್ಕೆ ಬಣ್ಣದ ವ್ಯತ್ಯಾಸ ಕಣ್ಣಿಗೆ ಹಿಡಿಸಲ್ಲ, ಕೆಂಪು ಹಸಿರು ಕರಗಿ ಹಳದಿ ಆಗಿಬಿಡುತ್ತೆ, ಬ್ರೈಟ್‌ನೆಸ್ ವ್ಯತ್ಯಾಸ ಮಾತ್ರ ಪಟಪಟ ಅಂತ ಉಳಿಯುತ್ತೆ. ಕೆಂಪನ್ನ ನಿಧಾನಕ್ಕೆ ಏರಿಸ್ತಾ ಹೋದ್ರೆ ಪಟಪಟ ಕಮ್ಮಿ ಆಗ್ತಾ ಆಗ್ತಾ ಒಂದು ಕಡೆ ನಿಂತೇ ಹೋಗುತ್ತೆ, ದಾಟಿದ್ರೆ ಮತ್ತೆ ಶುರು. ಆ ನಿಂತ ಜಾಗವೇ ಸಮ. 1924ರಲ್ಲಿ ಕಣ್ಣಿನ ಸೂಕ್ಷ್ಮತೆಗೆ ಅಂತಾರಾಷ್ಟ್ರೀಯ ಗ್ರಾಫ್ ಗೊತ್ತು ಮಾಡಿದಾಗ ಇಂಥ ಮಿಣುಕಿನ ಅಳತೆಗಳನ್ನೂ ಬಳಸಿದ್ರು, ನಿಮ್ಮ ಬಲ್ಬ್ ಡಬ್ಬದ ಮೇಲಿರೋ ಲ್ಯೂಮೆನ್ ಸಂಖ್ಯೆ ಅಲ್ಲಿಂದಲೇ ಬಂದಿದ್ದು. (ಫಿಟ್ಸ್ ಬರೋರು ಇದನ್ನ ದಯವಿಟ್ಟು ಮಾಡಬೇಡಿ, ಆ ವೇಗದ ಮಿಣುಕು ಅಪಾಯ.)

ಸಮ ಮಾಡ್ಕೊಂಡು ಎಲ್ಲರ ಹತ್ರ ನಾಬ್ ತಿರುಗಿಸಿದೆ. ನನಗೆ ಗೆರೆ ಮಾಯ ಆಗೋದು 38ರಿಂದ 40ರೊಳಗೆ. ಪಕ್ಕದ ಮನೆ ಗೆಳೆಯನಿಗೆ ಯಾವಾಗಲೂ ನಾಲ್ಕೈದು ಜಾಸ್ತಿ ಕೆಂಪು ಬೇಕು, ನಾನು ಸರಿ ಅಂದಿದ್ದು ಅವನಿಗೆ ಹಸಿರು ಹಸಿರು. ಇಬ್ರೂ ನಾರ್ಮಲ್ಲೇ. ಕೆಂಪು ಕೋನಿನ ಪ್ರೋಟೀನಲ್ಲಿ 180ನೇ ಜಾಗದಲ್ಲಿ ಕೆಲವರಿಗೆ ಸೆರೀನ್ ಇರುತ್ತೆ ಕೆಲವರಿಗೆ ಅಲನೀನ್, ಆ ಒಂದು ಅಮೈನೋ ಆಮ್ಲದಿಂದ ಕೋನಿನ ಟ್ಯೂನಿಂಗ್ ಕೆಲವು ನ್ಯಾನೋಮೀಟರ್ ಸರಿಯುತ್ತೆ, ಅದು ಇದೇ ರ್ಯಾಲೆ ಮ್ಯಾಚಲ್ಲಿ ಕಾಣುತ್ತೆ ಅಂತ 1992ರಲ್ಲಿ ತೋರಿಸಿದ್ರು. ಗೆಳೆಯನದು ಅದೇನಾ ಅಂತ ಹೇಳೋಕೆ ಡಿಎನ್‌ಎ ನೋಡ್ಬೇಕು, ನನ್ನ ಊಹೆ ಮಾತ್ರ.

ಆಮೇಲೆ ಮೂಡಿಗೆರೆಯಿಂದ ಸೋದರಮಾವ ಬಂದ್ರು. ಅವ್ರಿಗೆ ಕೆಂಪು ಹಸಿರು ತೊಡಕು ಅಂತ ಮನೆಯಲ್ಲಿ ಎಲ್ಲರಿಗೂ ಗೊತ್ತು, ಕಾಫಿ ಹಣ್ಣು ಗಿಡದಲ್ಲಿ ದೂರದಿಂದ ಕಾಣಲ್ಲ, ಕೈಗೆ ಗೊತ್ತಾಗುತ್ತೆ ಅಂತಾರೆ. ನಾಬ್ 40ಕ್ಕೆ ಇಟ್ಟೆ, ಒಂದೇ ಅಂದ್ರು. ಪೂರ್ತಿ ಹಸಿರಿಗೆ ತಿರುಗಿಸಿದೆ, ಹಳದಿ ನಾಬ್ ಸ್ವಲ್ಪ ಏರಿಸಿಕೊಂಡು ಇದೂ ಒಂದೇ ಅಂದ್ರು. ಪೂರ್ತಿ ಕೆಂಪು, ನನಗೆ ಕೆಳಗೆ ಸಿಗ್ನಲ್ ಲೈಟಿನ ಹಾಗೆ ಕೆಂಪು ಮೇಲೆ ಹಳದಿ, ಅವ್ರು ಹಳದಿಯನ್ನ ನಾನಿಟ್ಟಿದ್ದರ ಅರ್ಧಕ್ಕಿಂತ ಕೆಳಗೆ ಇಳಿಸಿ "ಈಗ ಸರಿಯಾಯ್ತು ನೋಡು, ಗೆರೆ ಎಲ್ಲಿದೆಯೋ?" ಅಂದ್ರು. "ಮಾವ, ಇನ್ನೊಂದ್ಸಲ ನೋಡಿ" ಅಂದೆ, "ಎಷ್ಟು ಸಲ ನೋಡಿದ್ರೂ ಅಷ್ಟೇ ಕಣೋ" ಅಂತ ಕಾಫಿ ಕುಡಿಯೋಕೆ ಎದ್ದುಹೋದ್ರು.

ಆ ಹಳದಿ ಇಳಿಸಿದ್ದೇ ಮುಖ್ಯ. ಹಸಿರು ಕೋನ್ ಇಲ್ಲದವ್ರೂ ಎಲ್ಲ ಪ್ರಮಾಣನೂ ಒಪ್ತಾರೆ, ಆದ್ರೆ ಹಳದಿ ನಾಬನ್ನ ಹೆಚ್ಚು ಅಲ್ಲಾಡಿಸಲ್ಲ. ಕೆಂಪು ಕೋನ್ ಇಲ್ಲದವ್ರಿಗೆ ಕೆಂಪು ಅನ್ನೋದೇ ಮಂಕು, ಅದಕ್ಕೆ ಹಳದಿಯನ್ನ ಅಷ್ಟು ಇಳಿಸ್ಬೇಕು. ಮಾವ ಈ ಎರಡನೇ ಗುಂಪು ಅಂತ ಕಾಣುತ್ತೆ. ಮಿಣುಕಿನ ಟೆಸ್ಟಲ್ಲೂ ಅವ್ರಿಗೆ ಪಟಪಟ ನಿಲ್ಲೋಕೆ ನನಗಿಂತ ಮೂರು ಪಟ್ಟು ಹತ್ರ ಕೆಂಪು ಬೇಕಾಯ್ತು. ಜಾನ್ ಡಾಲ್ಟನ್ ಮೊದಲನೇ ಗುಂಪಿನವ್ರು, ಪರಮಾಣು ಸಿದ್ಧಾಂತದ ಡಾಲ್ಟನ್ನೇ. 1794ರಲ್ಲಿ ತನ್ನ ಕಣ್ಣಿನ ಬಗ್ಗೆ ಮ್ಯಾಂಚೆಸ್ಟರಲ್ಲಿ ಪ್ರಬಂಧ ಓದಿ, ಕಣ್ಣೊಳಗಿನ ದ್ರವ ನೀಲಿ ಇರ್ಬೇಕು, ಸತ್ತ ಮೇಲೆ ಕೊಯ್ದು ನೋಡಿ ಅಂದಿದ್ರು. 1844ರಲ್ಲಿ ನೋಡಿದ್ರು, ದ್ರವ ತಿಳಿಯಾಗೇ ಇತ್ತು. ಒಣಗಿದ ಕಣ್ಣಿನ ಚೂರು ಇಟ್ಟಿದ್ರಿಂದ 1995ರಲ್ಲಿ ಡಿಎನ್‌ಎ ತೆಗೆದು ಹಸಿರು ಕೋನಿನ ಜೀನ್ ಇರಲಿಲ್ಲ ಅಂತ ಪತ್ತೆ ಮಾಡಿದ್ರು.

ಈಗ ನನ್ನ ತಲೆ ಕೊರೀತಿರೋದು ಅಮ್ಮನ ಅಂಕಿ. ಅಮ್ಮನಿಗೆ ಒಂದು ಕಣ್ಣಿಗೆ ಪೊರೆ ಆಪರೇಷನ್ ಆಗಿದೆ, ಎರಡೂ ಕಣ್ಣಿನ ಮ್ಯಾಚ್ ಬೇರೆ ಬರಬಹುದು ಅಂದ್ಕೊಂಡಿದ್ದೆ, ಹೆಚ್ಚುಕಮ್ಮಿ ಒಂದೇ ಬಂತು, ಪೊರೆ ತಿನ್ನೋದು ಮುಖ್ಯವಾಗಿ ನೀಲಿ ಕಡೆ ಬೆಳಕು ತಾನೆ. ಮ್ಯಾಚು ನಾರ್ಮಲ್, 40ರ ಆಸುಪಾಸು. ಆದ್ರೆ ಮಿಣುಕಿನ ಟೆಸ್ಟಲ್ಲಿ ಅಮ್ಮನಿಗೆ ನನಗಿಂತ ಕಾಲು ಭಾಗದಷ್ಟು ಜಾಸ್ತಿ ಕೆಂಪು ಬೇಕು, ಎರಡೂ ಕಣ್ಣಿಗೆ. ಕೆಂಪು ಹಸಿರು ಜೀನ್‌ಗಳು ಎಕ್ಸ್ ಕ್ರೋಮೋಸೋಮ್ ಮೇಲಿರೋದು, ಮಾವನಿಗೆ ಬಂದಿದ್ದು ಅಜ್ಜಿಯಿಂದ, ಅದೇ ಎಕ್ಸ್ ಅಮ್ಮನಿಗೂ ಬಂದಿರೋ ಸಾಧ್ಯತೆ ಅರ್ಧಕ್ಕರ್ಧ. ಬಂದಿದ್ರೆ ಬಣ್ಣ ಚೆನ್ನಾಗೇ ಕಾಣುತ್ತೆ, ಕೆಂಪು ಮಾತ್ರ ಸ್ವಲ್ಪ ಮಂಕು, ಈ ಲಕ್ಷಣಕ್ಕೆ ಪುಸ್ತಕಗಳಲ್ಲಿ ಶ್ಮಿಟ್ ಸೈನ್ ಅಂತ ಹೆಸರಿದೆ. ಹಾಗಂತ ತೀರ್ಪು ಕೊಡೋ ಹಾಗಿಲ್ಲ. 1999ರಲ್ಲಿ ಬದುಕಿರೋ ಮನುಷ್ಯರ ಕೋನ್‌ಗಳ ಫೋಟೋನೇ ತೆಗೆದಾಗ ಒಬ್ಬರಲ್ಲಿ ಕೆಂಪು ಹಸಿರು ಹತ್ತಿರ ಹತ್ತಿರ ಸಮ ಇತ್ತು, ಇನ್ನೊಬ್ಬರಲ್ಲಿ ಕೆಂಪು ನಾಲ್ಕು ಪಟ್ಟಿಗೆ ಹತ್ತಿರ, ಇಬ್ರಿಗೂ ಬಣ್ಣ ನಾರ್ಮಲ್. ಅಮ್ಮಂದು ಬರೀ ಅಂಥ ವ್ಯತ್ಯಾಸ ಆಗಿದ್ರೂ ಆಗಿರಬಹುದು.

ನನ್ನ ಹತ್ರ ಇರೋದು ಒಂದೇ ಎಕ್ಸ್, ಅದು ಸರಿಯಿದೆ ಅಂತ ಗೊತ್ತಾಯ್ತು. ತಂಗಿ ವಿಷಯ ಗೊತ್ತಿಲ್ಲ, ಅವಳ ಮಗನಿಗೆ ಈಗ ಆರು ವರ್ಷ. ಗಣೇಶನ ಹಬ್ಬಕ್ಕೆ ಬರ್ತಾರೆ, ಅಷ್ಟರೊಳಗೆ ಮಕ್ಕಳ ಕೈಗೆ ಸಿಗೋ ದೊಡ್ಡ ನಾಬ್ ಹಾಕ್ಬೇಕು, ಹಳದಿಗೆ ಬೇರೆ ಸ್ಕೇಲ್ ಅಂಟಿಸ್ಬೇಕು, ಕೆಂಪನ್ನ 630ರ ಬದಲು ಗಿಡ ಬೆಳೆಸೋ ಲೈಟಲ್ಲಿ ಬರೋ 660ಕ್ಕೆ ಬದಲಾಯಿಸಬೇಕು, ಆಗ ಮಾವನಿಗೂ ನನಗೂ ಇರೋ ಅಂತರ ಇನ್ನೂ ದೊಡ್ಡದಾಗಿ ಕಾಣುತ್ತೆ. 660ರದ್ದು ಬಿಡಿ ಎಲ್‌ಇಡಿ ಬೆಂಗಳೂರಲ್ಲಿ ಎಲ್ಲಿ ಸಿಗುತ್ತೆ ಅಂತ ಗೊತ್ತಿದ್ರೆ ಹೇಳಿ, ಪೂರ್ತಿ ಪ್ಯಾನೆಲ್ ಕೊಂಡು ಒಡೆಯೋಕೆ ಮನಸ್ಸಿಲ್ಲ.