ಈ ನೀರು ಎಲ್ಲಿಂದ ಬತ್ತು?

ಊರಿಗೆ ಬಂದ ಮಾರನೇ ದಿನ ಜಗಲಿಯಲ್ಲಿ ಕೂತು ಆಯಿಗೆ ಹಿಮಾಚಲದ ಚಂದ್ರತಾಲ ಕೆರೆಯ ಫೋಟೋ ತೋರಿಸಿದೆ. ಅವಳು ಹಿಮದ ಬೆಟ್ಟ ನೋಡಲಿಲ್ಲ. ನೀರನ್ನೇ ನೋಡಿದಳು. "ಈ ನೀರು ಎಲ್ಲಿಂದ ಬತ್ತು?" ಅಂದಳು. ದಂಡೆಯಲ್ಲಿ ನಿಂತಾಗ ನನಗೂ ಮೊದಲು ಬಂದದ್ದು ಇದೇ ಪ್ರಶ್ನೆ.

ನಾವು ಹೋದದ್ದು ಸೆಪ್ಟೆಂಬರ್‌ನಲ್ಲಿ. ಮನಾಲಿಯಿಂದ ಬೆಳಗಿನ ಜಾವವೇ ಹೊರಟೆವು. ಬಿಸಿಲೇರಿದರೆ ಹಿಮ ಕರಗಿ ಹಳ್ಳಗಳು ರಸ್ತೆ ಮೇಲೇ ಬರುತ್ತವೆ, ಅಷ್ಟರೊಳಗೆ ದಾಟಬೇಕು ಅಂತ ಡ್ರೈವರ್ ಹೇಳಿದ್ದ. ಮಳೆ ಬಂದರೆ ಹಳ್ಳ ಏರುವುದು ನಮಗೆ ಗೊತ್ತು. ಬಿಸಿಲಿಗೆ ಏರುವ ಹಳ್ಳ ನೋಡಿದ್ದು ಅಲ್ಲೇ. ಅಟಲ್ ಸುರಂಗ ದಾಟಿ, ಗ್ರಾಂಫೂ ಕಳೆದ ಮೇಲೆ ಬರೀ ಕಲ್ಲು. ಬಾತಲ್‌ನಲ್ಲಿ ಚಹಾ ಕುಡಿದೆವು. ಗಾಡಿ ಕೊನೆಯವರೆಗೆ ಹೋಗುವುದಿಲ್ಲ. ಉಳಿದದ್ದು ನಡಿಗೆ.

ನಮ್ಮ ಊರು ಶಿರಸಿ ಇರುವುದು ಸುಮಾರು 600 ಮೀಟರ್ ಎತ್ತರದಲ್ಲಿ. ಚಂದ್ರತಾಲ 4,200 ಮೀಟರಿಗೂ ಮೇಲೆ. ಹತ್ತು ಹೆಜ್ಜೆಗೆ ಒಮ್ಮೆ ನಿಂತು ಉಸಿರು ಎಳೆದುಕೊಳ್ಳಬೇಕಾಯಿತು. ಒಂದು ಸಣ್ಣ ದಿಬ್ಬ ಹತ್ತಿದ್ದೇ ಕೆರೆ ಕಂಡಿತು. ನಾನು ಅಲ್ಲೇ ಕೂತುಬಿಟ್ಟೆ.

ಮೋಡ ಬಂದಾಗ ಹಸಿರು, ಹೋದಾಗ ನೀಲಿ. ಸುತ್ತ ಒಂದೇ ಒಂದು ಮರ ಇಲ್ಲ. ನಮ್ಮ ಕಡೆ ನೀರು ಅಂದರೆ ನೆರಳು, ಜೀರುಂಡೆ, ಕಪ್ಪೆ, ಕೊಳೆತ ಎಲೆಯ ವಾಸನೆ ಅಲ್ವಾ? ಅಲ್ಲಿ ವಾಸನೆಯೇ ಇಲ್ಲ. ಗಾಳಿ ನಿಂತರೆ ನನ್ನ ಎದೆಬಡಿತ ನನಗೇ ಕೇಳುತ್ತಿತ್ತು. ಒಂದು ಕಾಲದಲ್ಲಿ ಅಲ್ಲಿ ಹಿಮನದಿ ಇತ್ತು. ಅದು ನೆಲ ಕೊರೆಯಿತು, ತಳ್ಳಿಕೊಂಡು ಬಂದ ಕಲ್ಲುಮಣ್ಣನ್ನು ಅಲ್ಲೇ ಬಿಟ್ಟು ಹಿಂದೆ ಸರಿಯಿತು. ಆ ತಗ್ಗಿನಲ್ಲಿ ಈಗ ನೀರು. ದೊಡ್ಡ ಹೊಳೆ ಬಂದು ಸೇರುವುದು ಕಣ್ಣಿಗೆ ಬೀಳುವುದಿಲ್ಲ. ಹೊರಗೆ ಹರಿಯುವುದು ಮಾತ್ರ ಕಾಣುತ್ತದೆ, ಅದು ಚಂದ್ರಾ ನದಿ ಸೇರುತ್ತದೆ. ಚಂದ್ರಾ ತಾಂಡಿಯಲ್ಲಿ ಭಾಗಾ ನದಿಯನ್ನು ಕೂಡುತ್ತದೆ. ಆಮೇಲೆ ಅದೇ ಚಿನಾಬ್.

ದಂಡೆಯಲ್ಲಿ ಬಣ್ಣದ ಪ್ರಾರ್ಥನಾ ಬಾವುಟಗಳು ಪಟಪಟ ಅನ್ನುತ್ತಿದ್ದವು. ಅವು ನನಗೆ ಹೊಸತಲ್ಲ. ಮುಂಡಗೋಡಿನ ಟಿಬೆಟಿಯನ್ ಕ್ಯಾಂಪಿನಲ್ಲಿ ಚಿಕ್ಕಂದಿನಿಂದ ನೋಡಿದ್ದೇನೆ. ಅಷ್ಟು ದೂರ ಹೋಗಿ ಮುಂಡಗೋಡು ನೆನಪಾಯಿತು ನೋಡಿ! ದಂಡೆ ಮೇಲೆ ಟೆಂಟ್ ಹಾಕಲು ಬಿಡುವುದಿಲ್ಲ, ಕೆಲವು ಕಿಲೋಮೀಟರ್ ಆಚೆಗೇ ಹಾಕಬೇಕು. ಬಹಳ ಒಳ್ಳೆಯದು ಅನ್ನಿಸಿತು. 2005ರಲ್ಲೇ ಆ ಕೆರೆ ರಾಮ್ಸಾರ್ ಪಟ್ಟಿಗೆ, ಅಂದರೆ ಜಗತ್ತಿನ ಮಹತ್ವದ ಜೌಗುಪ್ರದೇಶಗಳ ಪಟ್ಟಿಗೆ ಸೇರಿದೆ.

ಆಯಿಗೆ ಇಷ್ಟೂ ಹೇಳಿದೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. "ನಮ್ಮ ಶಂಕರಹೊಂಡವೂ ಹಾಂಗೇ ಅಲ್ದನಾ?" ಅಂದಳು.

ಹೌದಲ್ಲ! ಅಘನಾಶಿನಿ ನದಿಯ ಒಂದು ಮೂಲ ಶಿರಸಿ ಪೇಟೆಯ ಶಂಕರಹೊಂಡ. ಅಲ್ಲಿಂದ ಹೊರಟ ನೀರು ಘಟ್ಟ ಇಳಿದು, ಎಲ್ಲೂ ಅಣೆಕಟ್ಟಿಗೆ ಸಿಗದೆ, ತದಡಿ ಹತ್ತಿರ ಸಮುದ್ರ ಸೇರುತ್ತದೆ. ಆ ಅಳಿವೆಯೂ 2024ರಲ್ಲಿ ರಾಮ್ಸಾರ್ ಪಟ್ಟಿಗೆ ಸೇರಿತು. ಚಿನಾಬ್ ನೀರು ಸಿಂಧೂ ಸೇರಿ ಕೊನೆಗೆ ಮುಟ್ಟುವುದೂ ಇದೇ ಅರಬ್ಬೀ ಸಮುದ್ರವನ್ನು. ಇದೆಲ್ಲ ಗೊತ್ತಿದ್ದೂ ಹೊಂಡದ ಪಕ್ಕ ಎಷ್ಟು ಸಲ ಸುಮ್ನೆ ಸ್ಕೂಟರ್‌ನಲ್ಲಿ ಹೋಗಿದ್ದೇನೆ. ಒಂದು ಸಲವೂ ಇಳಿದು ನಿಂತಿರಲಿಲ್ಲ. ಚಂದ್ರತಾಲಕ್ಕಾಗಿ ಮಾತ್ರ ಎರಡು ವರ್ಷ ದುಡ್ಡು ಕೂಡಿಟ್ಟಿದ್ದೆ. ಅದು ಆ ದಿನ ಮನಸ್ಸಿಗೆ ತುಂಬ ಚುಚ್ಚಿತು.

ಭಾನುವಾರ ಆಯಿಯನ್ನು ಕರೆದುಕೊಂಡು ಹೋದೆ. ಚಪ್ಪಲಿ ಬಿಟ್ಟು ಮೆಟ್ಟಿಲಲ್ಲಿ ಕೂತಳು. ಅಂಚಿನಲ್ಲಿ ಎರಡು ಪ್ಲಾಸ್ಟಿಕ್ ಪೊಟ್ಟಣ ತೇಲುತ್ತಿದ್ದವು. ಕೋಲು ಹುಡುಕಿ ಅವನ್ನು ಎಳೆದು ಚೀಲಕ್ಕೆ ಹಾಕಿದೆ. ಚಂದ್ರತಾಲದಲ್ಲಿ ಬಿಸ್ಕತ್ತಿನ ಕಾಗದವನ್ನೂ ಜೇಬಿನಲ್ಲಿಟ್ಟುಕೊಂಡು ಬಂದವನು ನಾನು.

ಆಯಿ ನೀರು ಹೊರಹೋಗುವ ಕಡೆಗೇ ನೋಡುತ್ತಿದ್ದಳು. "ಇದರ ಕೊನೆ ಆನು ನೋಡಿದ್ನೇ ಇಲ್ಲೆ" ಅಂದಳು. ಎಪ್ಪತ್ತು ವರ್ಷ ಶಿರಸಿಯಲ್ಲೇ ಇದ್ದವಳು.

ದೀಪಾವಳಿ ಕಳೆದ ಮೇಲೆ ತದಡಿಗೆ ಹೋಗುವುದು ಅಂತ ಮಾಡಿದ್ದೇವೆ.