ಗುಲಾಬಿ ನೀರು, ಹಸಿರು ಫಿಲ್ಟರ್

ಹಳೆ ಈಸ್ಟ್‌ಮನ್ ಕಲರ್ ಪ್ರಿಂಟ್ ಕೆಂಪಗಾಗುತ್ತದೆ ಅನ್ನುವುದು ಯಾವ ಪ್ರೊಜೆಕ್ಟರ್ ಆಪರೇಟರ್‌ಗೂ ಗೊತ್ತು. ನಾನು ಕೆಲಸ ಕಲಿತ ಮೆಜೆಸ್ಟಿಕ್ ಥಿಯೇಟರ್‌ನಲ್ಲಿ ಬೆಳಗಿನ ಆಟದ ಚಿತ್ರಗಳಲ್ಲಿ ಆಕಾಶವೂ ಕೆಂಪು, ಹೀರೋನ ಬಿಳಿ ಪಂಚೆಯೂ ಕೆಂಪು. ಆ ಅನುಭವವೇ ಅಮೆರಿಕದಲ್ಲಿ ಕೈ ಕೊಟ್ಟಿತು.

ಈಗ ಇಲ್ಲಿನ ಮ್ಯೂಸಿಯಂ ಒಂದರಲ್ಲಿ ಪ್ರೊಜೆಕ್ಷನ್ ಕೆಲಸ. ಅವತ್ತು ನಿರ್ದೇಶಕ ಜೇಮ್ಸ್ ಬೆನ್ನಿಂಗ್ ಅವರ ‘ಕಾಸ್ಟಿಂಗ್ ಎ ಗ್ಲಾನ್ಸ್’ ಇತ್ತು. 16 ಎಂಎಂ, 80 ನಿಮಿಷ. ಯೂಟಾದ ಮರುಭೂಮಿಯಲ್ಲಿ, ಗ್ರೇಟ್ ಸಾಲ್ಟ್ ಲೇಕ್ ದಡದಲ್ಲಿ ಕಲಾವಿದ ರಾಬರ್ಟ್ ಸ್ಮಿತ್‌ಸನ್ 1970ರಲ್ಲಿ ಕಪ್ಪು ಕಲ್ಲು ಸುರಿಸಿ ಮಾಡಿಸಿದ 1,500 ಅಡಿಯ ಸುರುಳಿ ದಾರಿ ಇದೆ. ಸಿನಿಮಾ ಪೂರ್ತಿ ಅದೇ. ಕತೆಯಿಲ್ಲ, ಕ್ಯಾಮೆರಾ ಅಲ್ಲಾಡುವುದೂ ಇಲ್ಲ.

ಪ್ರಿಂಟ್ ಕೈಗೆ ಬಂದದ್ದು ಷೋ ದಿನ ಮಧ್ಯಾಹ್ನ. ಎಂದಿನಂತೆ! ಫಿಲ್ಮ್ ಅಂಟಿಸಿದ ಸ್ಪ್ಲೈಸ್‌ಗಳನ್ನು ನೋಡಿ, ಪ್ರೊಜೆಕ್ಟರ್ ಗೇಟ್ ಒರೆಸಿ, ಸ್ವಲ್ಪ ಓಡಿಸಿದೆ. ಪರದೆ ಮೇಲೆ 1970ರ ತಾರೀಖು. ಆಮೇಲೆ ಗುಲಾಬಿ ಬಣ್ಣದ ನೀರು. ಸರಿ, ಹಳೆ ಪ್ರಿಂಟ್, ಬಣ್ಣ ಹೋಗಿದೆ ಅಂದುಕೊಂಡೆ. ಫಾರಂನಲ್ಲಿ ‘ಕಲರ್ ಫೇಡ್’ ಟಿಕ್ ಹಾಕಿ, ಲೆನ್ಸ್ ಮುಂದೆ ತೆಳು ಹಸಿರು ಫಿಲ್ಟರ್ ಸಿಕ್ಕಿಸಿದೆ. ನೀರು ನೀರಿನ ಬಣ್ಣಕ್ಕೆ ಬಂತು. ನನಗೆ ನಾನೇ ಶಭಾಸ್ ಹೇಳಿಕೊಂಡೆ.

ಷೋನಲ್ಲಿ ಉಪ್ಪು ಬಂತು. ಕಲ್ಲಿನ ಮೇಲೆ ಕಟ್ಟಿದ್ದ ಬಿಳಿ ಉಪ್ಪೆಲ್ಲ ಪಾಚಿ ಹಿಡಿದ ಹಾಗೆ ಹಸಿರು. ಸಿನಿಮಾ ಆರಿಸುವ ಪ್ರೋಗ್ರಾಮರ್ ಪ್ರೊಜೆಕ್ಷನ್ ಬೂತಿಗೆ ಓಡಿ ಬಂದರು. “ಏನು ಮಾಡಿದ್ದೀರಿ? ಆ ನೀರು ಇರುವುದೇ ಗುಲಾಬಿ!” 1959ರಲ್ಲಿ ಸರೋವರಕ್ಕೆ ಅಡ್ಡ ರೈಲ್ವೆ ಏರಿ ಹಾಕಿದ ಮೇಲೆ ಉತ್ತರ ಭಾಗಕ್ಕೆ ಸಿಹಿನೀರು ಕಡಿಮೆಯಾಗಿ ಉಪ್ಪು ಏರಿತಂತೆ. ಅಂಥ ನೀರಲ್ಲೂ ಬದುಕುವ ಸೂಕ್ಷ್ಮಜೀವಿಗಳ ಬಣ್ಣ ಅದು. ತಾರೀಖೂ ಒಂದು ಆಟವೇ. ಬೆನ್ನಿಂಗ್ ಶೂಟ್ ಮಾಡಿದ್ದು 2005ರಿಂದ 2007ರ ನಡುವೆ. ಇದನ್ನೆಲ್ಲ ಬರೆದ ಕಾಗದ ಪ್ರೇಕ್ಷಕರ ಕೈಲಿತ್ತು, ಬೂತಿಗೆ ಮಾತ್ರ ಬಂದಿರಲಿಲ್ಲ.

ಫಿಲ್ಟರ್ ಎಳೆಯಬೇಕು. ಆದರೆ ಶಾಟ್ ನಡುವೆ ಎಳೆದರೆ ಇಡೀ ಹಾಲ್‌ಗೆ ಗೊತ್ತಾಗುತ್ತದೆ. ಬೇರೆ ಸಿನಿಮಾ ಆಗಿದ್ದರೆ ಮಾತು ಮುಗಿಯಿತು, ಬಾಗಿಲು ಹಾಕಿತು, ಈಗ ಕಟ್ ಅಂತ ಊಹಿಸಬಹುದು. ಇಲ್ಲಿ ಅಲೆ, ಗಾಳಿ, ಅಲೆ. ಫಿಲ್ಟರ್ ಮೇಲೆ ಬೆರಳಿಟ್ಟು ನಿಂತೆ. ಪ್ರೋಗ್ರಾಮರ್ ಕಡೆ ತಿರುಗಿದ್ದೇ ತಡ, ಕಟ್ ಹೋಗಿಬಿಟ್ಟಿತು. ಮತ್ತೆ ಅಲೆ, ಗಾಳಿ. ಬೆನ್ನ ಹಿಂದೆ ಅವರು ನಿಟ್ಟುಸಿರು ಬಿಡುವುದು ಕೇಳಿಸುತ್ತಿತ್ತು. ಕೊನೆಗೆ ಇನ್ನೊಂದು ತಾರೀಖಿನ ಕಾರ್ಡ್ ಬಂದಾಗ ಎಳೆದೆ.

ಬಣ್ಣ ಹೋದ ಪ್ರಿಂಟ್‌ನಲ್ಲಿ ಕಪ್ಪೂ ಕೆಂಪಗೆ ತಿರುಗುತ್ತದೆ. ಇಲ್ಲಿ ಕಲ್ಲು ಕಪ್ಪಗೇ ಇತ್ತು. ಫಿಲ್ಮ್ ಅಂಚಿನಲ್ಲಿ ತಯಾರಾದ ವರ್ಷ ಸೂಚಿಸುವ ಕೋಡ್ ನೋಡಿದ್ದರೂ ಆ ಫಿಲ್ಮ್ ಯಾವ ಕಾಲದ್ದು ಅಂತ ತಿಳಿಯುತ್ತಿತ್ತು. ಈಗ ಮೊದಲು ಕಪ್ಪು ನೋಡುತ್ತೇನೆ, ಆಮೇಲೆ ಅಂಚು, ಆಮೇಲೆ ಬಣ್ಣ.

ಮಾರನೇ ದಿನ ಆಫೀಸಿನಿಂದ ಮೇಲ್ ಬಂತು. ಇನ್ನು ಮುಂದೆ ಫಿಲ್ಟರ್ ಹಾಕುವ ಮೊದಲು ಲಿಖಿತ ಅನುಮತಿ ಬೇಕಂತೆ. ಪ್ರಿಂಟ್ ಒಂದು ದಿನ ಮುಂಚೆ ತರಿಸೋಣ ಅನ್ನುವ ಮಾತು ಅದರಲ್ಲಿ ಎಲ್ಲೂ ಇರಲಿಲ್ಲ.