ಮೆಚ್ಚಿನ ನಟಿ ಯಾರೆಂದರೆ: ಹರುಕೋ ಸುಗಿಮುರಾ

ಹಳೆಯ ಜಪಾನೀ ಸಿನಿಮಾಗಳ ಮಾತು ಬಂದಾಗಲೆಲ್ಲ ಗೆಳೆಯರು ಕೇಳುತ್ತಾರೆ: ‘ನಿಮ್ಮ ಮೆಚ್ಚಿನ ನಟಿ ಯಾರು?’ ಸೆತ್ಸುಕೋ ಹರಾ ಎಂಬ ಉತ್ತರವನ್ನು ಅವರೇ ಊಹಿಸಿಕೊಂಡಿರುತ್ತಾರೆ. ನಾನು ಹೇಳುವ ಹೆಸರು ಹರುಕೋ ಸುಗಿಮುರಾ.

ಯಾಸುಜಿರೋ ಓಜು ಅವರ ‘ಟೋಕಿಯೋ ಸ್ಟೋರಿ’ (1953) ನೋಡಿದವರು ಈ ಮುಖವನ್ನು ಮರೆತಿರಲಾರರು. ಬ್ಯೂಟಿ ಪಾರ್ಲರ್ ನಡೆಸುವ ಹಿರಿಯ ಮಗಳು ಶಿಗೆ. ದೂರದಿಂದ ಬಂದ ಹೆತ್ತವರನ್ನು ಗಿರಾಕಿಯ ಮುಂದೆ ಊರ ಕಡೆಯ ಪರಿಚಯದವರು ಎಂದುಬಿಡುತ್ತಾಳೆ. ತಾಯಿಯ ಸ್ಥಿತಿ ಗಂಭೀರವೆಂದು ತಂತಿ ಬಂದಾಗ, ಶೋಕದ ಉಡುಪನ್ನೂ ಒಯ್ಯೋಣವೇ ಎಂದು ಅಣ್ಣನನ್ನು ಕೇಳುತ್ತಾಳೆ. ತಾಯಿಯ ಹಾಸಿಗೆಯ ಪಕ್ಕದಲ್ಲಿ ಬಿಕ್ಕಿ ಅಳುತ್ತಾಳೆ. ಅಂತ್ಯಕ್ರಿಯೆ ಮುಗಿದು ಊಟಕ್ಕೆ ಕುಳಿತಾಗಲೇ ಅಮ್ಮನ ಕಿಮೋನೋ, ಅದರ ಸೊಂಟಪಟ್ಟಿ ಓಬಿ ತನಗಿರಲಿ ಎನ್ನುತ್ತಾಳೆ. ಆ ಅಳುವಿನಲ್ಲಿ ಸುಳ್ಳಿಲ್ಲ, ಆ ಆಸೆಯಲ್ಲಿ ಸಂಕೋಚವಿಲ್ಲ. ಪ್ರೇಕ್ಷಕರ ಕನಿಕರ ಗಿಟ್ಟಿಸುವ ಒಂದೇ ಒಂದು ಪ್ರಯತ್ನವನ್ನೂ ಸುಗಿಮುರಾ ಮಾಡುವುದಿಲ್ಲ. ನಮ್ಮೆಲ್ಲರ ಮನೆಯಲ್ಲೂ ಇಂಥವರಿದ್ದಾರೆ. ಅವರನ್ನು ದ್ವೇಷಿಸಿ ಬದುಕಲಾಗದು. ಈ ಶಿಗೆ ಇಲ್ಲದಿದ್ದರೆ ಸೊಸೆ ನೊರಿಕೋಳ ಒಳ್ಳೆಯತನಕ್ಕೂ ಅಷ್ಟು ತೂಕ ಬರುತ್ತಿರಲಿಲ್ಲ.

ಹಿರೋಷಿಮಾದಲ್ಲಿ ಹುಟ್ಟಿದ ಸುಗಿಮುರಾ ಮೂಲತಃ ರಂಗನಟಿ, 1937ರಲ್ಲಿ ಆರಂಭವಾದ ಬುಂಗಾಕುಜಾ ತಂಡದ ಆಧಾರಸ್ತಂಭ. ಯುದ್ಧದ ಕೊನೆಯ ದಿನಗಳಲ್ಲಿ, 1945ರಲ್ಲಿ, ಮೊದಲು ಪ್ರದರ್ಶನಗೊಂಡ ‘ಒನ್ನಾ ನೊ ಇಶ್ಶೋ’ ನಾಟಕದ ನಾಯಕಿಯಾಗಿ ಅವರು 900ಕ್ಕೂ ಹೆಚ್ಚು ಬಾರಿ ರಂಗವೇರಿದರು. ದೇಹವೇ ಮಾತಾಡಬೇಕೆಂಬ ಆ ಶಿಸ್ತು ಪರದೆಯ ಮೇಲೂ ಕಾಣುತ್ತದೆ. ‘ಲೇಟ್ ಸ್ಪ್ರಿಂಗ್’ನಲ್ಲಿ (1949) ಮದುಮಗಳ ಸೋದರತ್ತೆಯಾಗಿ, ಮದುವೆಗೆ ಹೊರಡುವ ಮುನ್ನ ಖಾಲಿ ಕೋಣೆಯಲ್ಲಿ ಸುಮ್ಮನೆ ಒಂದು ಸುತ್ತು ಬಂದು ಹೊರಡುತ್ತಾರೆ. ಏನಾದರೂ ಮರೆತೆವೇ ಎಂದು ನೋಡುವ ಹಿರಿಯರ ಆ ಗಡಿಬಿಡಿಯಲ್ಲಿ ಮಗಳು ಮನೆ ಬಿಡುವ ಸಂಕಟವೆಲ್ಲ ಇದೆ.

ನಾಯಕಿಯ ಪಾತ್ರಗಳೂ ಸಿಕ್ಕವು. ಮಿಕಿಯೋ ನರುಸೆ ಅವರ ‘ಲೇಟ್ ಕ್ರಿಸಾಂಥಮಮ್ಸ್’ನಲ್ಲಿ (1954) ಬಡ್ಡಿಗೆ ಸಾಲ ಕೊಡುವ ಮಾಜಿ ಗೇಶಾ ಆಗಿ ಅವರು ಚಿತ್ರವನ್ನೇ ಹೊತ್ತಿದ್ದಾರೆ. ಆದರೂ ಕುರೊಸಾವಾ ಅವರ ‘ರೆಡ್ ಬಿಯರ್ಡ್’ನಲ್ಲಿ (1965) ಅಡುಗೆಮನೆಯ ಹೆಂಗಸರಿಂದ ಮೂಲಂಗಿಯಲ್ಲಿ ಏಟು ತಿನ್ನುವ ವೇಶ್ಯಾಗೃಹದ ಒಡತಿಯ ಪಾತ್ರಕ್ಕೂ ಅವರು ಅಷ್ಟೇ ಜೀವ ತುಂಬಿದರು. 1995ರಲ್ಲಿ ಸರ್ಕಾರ ನೀಡಬಂದ ಸಂಸ್ಕೃತಿ ಪದಕವನ್ನು ಬೇಡವೆಂದರು. 1997ರಲ್ಲಿ ತೀರಿಕೊಂಡರು.

ಯಾವುದನ್ನು ಮೊದಲು ನೋಡಲಿ ಎಂದರೆ, ‘ಅರ್ಲಿ ಸಮ್ಮರ್’ (1951). ಸಿಟ್ಟಾಗಬೇಡ ಎನ್ನುತ್ತಲೇ, ನೀನು ನನ್ನ ಮಗನನ್ನು ಮದುವೆಯಾಗಿದ್ದರೆ ಎಷ್ಟು ಚೆನ್ನಾಗಿತ್ತು ಎಂದು ನೆರೆಮನೆಯ ಹುಡುಗಿಗೆ ಹೇಳುವ ತಾಯಿ ಅದರಲ್ಲಿದ್ದಾಳೆ. ಹುಡುಗಿ ಒಪ್ಪಿಬಿಡುತ್ತಾಳೆ. ನಂಬಲಾಗದೆ ತಾಯಿ ಮತ್ತೆ ಮತ್ತೆ ಕೇಳುತ್ತಾಳೆ, ಕಣ್ಣೊರೆಸಿಕೊಳ್ಳುತ್ತಾಳೆ, ಏನು ಕೊಡಲೆಂದು ತೋಚದೆ ಸಿಹಿ ಹೂರಣದ ಬನ್ನು ತಿನ್ನುತ್ತೀಯಾ ಎನ್ನುತ್ತಾಳೆ. ಇದನ್ನು ನೋಡಿದ ಮೇಲೆ ಶಿಗೆಯನ್ನು ನೋಡಿ.